ಹತ್ತೊಂಬತ್ತು ಮೈಗಳಲ್ಲಿ ಒಂದೇ ತಂಪು

ಕರಿಖಣಿಯ ಯುವಕನೊಬ್ಬನ ಬೆನ್ನು, ಅರವತ್ತು ಕಿಲೋಮೀಟರ್ ದೂರದ ಕಲಬುರಗಿಯಲ್ಲಿ ಕುಳಿತಿದ್ದ ಡಾ. ನೀಲಾಂಬಿಕಾಳ ಬೆರಳಿಗೆ ತಾಗಿದಾಗ ಬೆಳಗಿನ ಹನ್ನೊಂದು ಗಂಟೆಯಾಗಿತ್ತು.

ಅವಳ ಬಲಗೈಯಲ್ಲಿ ತೆಳ್ಳನೆಯ ಬೂದು ಗವಸು ಇತ್ತು. ಅದರ ಜೋಡಿ ಗವಸು ಕರಿಖಣಿಯ ಆರೋಗ್ಯ ಉಪಕೇಂದ್ರದಲ್ಲಿ ಸಿಸ್ಟರ್ ಜಗದೇವಿಯ ಕೈಯಲ್ಲಿತ್ತು. ಅಲ್ಲಿ ಜಗದೇವಿ ರೋಗಿಯ ಮೈ ಮುಟ್ಟಿದರೆ ಇಲ್ಲಿ ವೈದ್ಯೆಯ ಬೆರಳಿಗೆ ಅದರ ಬಿಸಿ, ಒರಟು, ಗಂಟು ಎಲ್ಲ ಗೊತ್ತಾಗುತ್ತಿತ್ತು. ಬೆರಳ ತುದಿಯ ಸಣ್ಣ ಚುಕ್ಕೆಗಳು ಚರ್ಮದೊಳಕ್ಕೆ ಕಿವಿಗೆ ಕೇಳಿಸದ ಶಬ್ದ ಕಳಿಸಿ, ಮರಳಿ ಬಂದ ಪ್ರತಿಧ್ವನಿಯಿಂದ ಒಳಪದರಗಳ ಚಿತ್ರ ಬರೆದು ಪರದೆಯ ಮೇಲೆ ಇಡುತ್ತಿದ್ದವು. ಇಡೀ ಜಿಲ್ಲೆಗೆ ಚರ್ಮರೋಗದ ಸರಕಾರಿ ವೈದ್ಯರು ಇದ್ದದ್ದು ನಾಲ್ವರು. ಗವಸು ಬಂದ ಮೇಲೆ ಊರಿಗೊಬ್ಬರು ಇದ್ದಂತಾಗಿತ್ತು.

ಯುವಕನ ಬೆನ್ನ ಮೇಲೆ ಉಂಗುರದಂಥ ಕೆಂಪು ಕಲೆ. ಅಂಚು ಉಬ್ಬಿದೆ, ನಡುವೆ ತಿಳಿಯಾಗಿದೆ. ಕಣ್ಣಿಗೆ ಸಾದಾ ಗಜಕರ್ಣ. ಆದರೆ ಬೆರಳಿಗೆ ತಂಪು ತಾಗಿತು. ಅಲ್ಲಿ ಬೆವರಿನ ಪಸೆಯೇ ಇರಲಿಲ್ಲ. ಪರದೆಯಲ್ಲಿ ನರದ ಎಳೆ ಇರಬೇಕಾದದ್ದಕ್ಕಿಂತ ದಪ್ಪಗೆ ಕಂಡಿತು. ಕೆಳಗೆ ಯಂತ್ರ ತನ್ನ ತೀರ್ಪು ಬರೆಯಿತು: ಕುಷ್ಠ, ಆರಂಭದ ಹಂತ.

"ಮತ್ತ ಅದೇ ಏನ್ರಿ, ಮೇಡಂ?" ಜಗದೇವಿಯ ದನಿ ಸ್ಪೀಕರಿನಲ್ಲಿ ಸಣ್ಣಗೆ ಬಂತು. ಎದುರಿಗೆ ರೋಗಿ ಇದ್ದುದರಿಂದ ರೋಗದ ಹೆಸರು ಹೇಳಲಿಲ್ಲ.

"ಇನ್ನೊಮ್ಮಿ ಮುಟ್ಟು."

ಮತ್ತೆ ಅದೇ ತಂಪು.

ಆರು ವಾರದಲ್ಲಿ ಇದು ಹನ್ನೆರಡನೆಯದು. ಎಲ್ಲವೂ ಕರಿಖಣಿ ಉಪಕೇಂದ್ರದ್ದೇ. ನೀಲಾಂಬಿಕಾಳಿಗೆ ಇದು ಅರ್ಥವಾಗುತ್ತಿರಲಿಲ್ಲ. ಕುಷ್ಠ ನಿಧಾನದ ರೋಗ. ಮೈಯೊಳಗೆ ಹೊಕ್ಕು ವರ್ಷಗಟ್ಟಲೆ ಸುಮ್ಮನಿದ್ದು ಆಮೇಲೆ ತಲೆ ಎತ್ತುತ್ತದೆ. ಕಾಲರಾದ ಹಾಗೆ ಒಂದು ಊರಿನ ಮೇಲೆ ಬಂದು ಬೀಳುವುದಿಲ್ಲ. ಪಕ್ಕದ ಊರುಗಳ ಗವಸುಗಳು ದಿನಾ ಕಜ್ಜಿ, ಚಿಬ್ಬು, ಕುರು ಎಂದು ಎಂದಿನ ಪಟ್ಟಿಯನ್ನೇ ಕಳಿಸುತ್ತಿದ್ದವು. ಕರಿಖಣಿಗೆ ಏನಾಗಿದೆ?

"ಗವಸು ಕೆಟ್ಟಿರಬೇಕು" ಎಂದು ಕೇಂದ್ರದ ತಂತ್ರಜ್ಞ ಮಡಿವಾಳಪ್ಪನಿಗೆ ಹೇಳಿದಳು. ಮೂವತ್ತು ವರ್ಷ ಎಕ್ಸ್‌ರೇ ಕೋಣೆಯಲ್ಲಿ ದುಡಿದು ಇಲ್ಲಿಗೆ ಬಂದ ಮನುಷ್ಯ ಅವನು.

"ಎರಡು ಸಲ ಬದಲಿ ಮಾಡೀನ್ರಿ. ಹೊಸಾ ಗವಸಿನಾಗೂ ಅದೇ ಬರ್ಲತ್ತದ."

ಮೇಲಿನ ಅಧಿಕಾರಿಗಳಿಗೆ ಗೊಂದಲವಿರಲಿಲ್ಲ. ಯಂತ್ರ ಹೇಳಿದವರಿಗೆಲ್ಲ ಗುಳಿಗೆ ಶುರು ಮಾಡಿ ಎಂದು ಆದೇಶ ಬಂತು. ನೀಲಾಂಬಿಕಾ ಸಹಿ ಹಾಕಿದಳು. ಚೀಟಿಗಳಲ್ಲಿ ಮೊದಲ ಹೆಸರು ತಾರಾಬಾಯಿಯದು.

ತಾರಾಬಾಯಿ ಕರಿಖಣಿಯ ಶಾಲೆಯಲ್ಲಿ ಬಿಸಿಯೂಟದ ಅಡುಗೆಯವಳು. ಜಗದೇವಿಯ ಬಾಜೂ ಮನೆ. ಮುಂಗೈ ಮೇಲಿನ ಬಿಳಿ ಚಿಬ್ಬನ್ನು ಅವಳು ತಲೆಗೇ ಹಚ್ಚಿಕೊಂಡಿರಲಿಲ್ಲ. "ಸುಮ್ನ ಒಮ್ಮಿ ತೋರಿಸು ಬಾ, ದುಡ್ಡಿಲ್ಲ ಕಾಸಿಲ್ಲ" ಎಂದು ಕೈ ಹಿಡಿದು ಎಳೆದೊಯ್ದವಳು ಜಗದೇವಿಯೇ.

ಸುದ್ದಿಯ ಬಗ್ಗೆ ಜಗದೇವಿ ಯಾರ ಮುಂದೆಯೂ ಬಾಯಿ ಬಿಡಲಿಲ್ಲ. ಆದರೆ ಕುಷ್ಠದ ಗುಳಿಗೆಯ ಪೊಟ್ಟಣ ಬೇರೆಯೇ ಬಗೆಯದು. ಹಳೆಯ ಜನ ಗುರುತು ಹಿಡಿದರು. ಗುಳಿಗೆ ನುಂಗಿದ ದಿನ ಅದರ ಬಣ್ಣಕ್ಕೆ ಮೂತ್ರ ಕೆಂಪಾದದ್ದು ನೋಡಿ ತಾರಾಬಾಯಿ ಹೆದರಿ ಚೀರಿದಳು, ಮನೆಯವರಿಗೂ ಗೊತ್ತಾಯಿತು. ಗಂಡ ಅವಳ ತಾಟು, ಚೆಂಬು ಬೇರೆ ಇಟ್ಟ. ಮುಖ್ಯೋಪಾಧ್ಯಾಯರು ಮೆತ್ತಗೆ, "ಸ್ವಲ್ಪ ದಿನ ಮನ್ಯಾಗ ಇರು ತಾಯಿ, ಮಂದಿ ಮಾತಾಡ್ತಾರ" ಎಂದರು.

ಸಂಜೆ ರೊಟ್ಟಿ ಬಡಿಯುತ್ತಿದ್ದ ಜಗದೇವಿಯ ಮನೆ ಬಾಗಿಲಲ್ಲಿ ತಾರಾಬಾಯಿ ಬಂದು ನಿಂತಳು. ಒಳಗೆ ಬರಲಿಲ್ಲ.

"ನೀ ಕರೀದಿದ್ರ ನಾ ಬರ್ತಿದ್ದಿಲ್ಲ, ಜಗ್ಗಕ್ಕ."

"ಆರು ತಿಂಗಳು ಗುಳಿಗಿ ತಗೊಂಡ್ರ ಪೂರ್ತಿ ಆರಾಮ ಆಗ್ತದ. ಮೊದಲಿನ ಗುಳಿಗಿ ನುಂಗಿದ ಮ್ಯಾಲ ಯಾರಿಗೂ ಹತ್ತಂಗಿಲ್ಲ."

"ಇದು ನೀ ಹೇಳ್ತಿ. ನಿನ್ನ ಮಾತು ನನ್ನ ಗಂಡಗ ತಿಳೀತದೇನು? ಊರಾಗ ಏನಂತಾರ ಗೊತ್ತದ? ಆ ಗವಸೇ ಬ್ಯಾನಿ ಹಚ್ಚಲತ್ತದ ಅಂತ. ಮುಟ್ಟಿದವರಿಗೆಲ್ಲ ಬರ್ತದಂತ."

ಜಗದೇವಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಇಪ್ಪತ್ತು ವರ್ಷದಿಂದ ಈ ಊರಿನ ಬಾಣಂತಿಯರಿಗೆ, ಕೂಸುಗಳಿಗೆ ಕೈಯಾಗಿದ್ದವಳು ಅವಳು. ಈಗ ಅವಳು ಬೀದಿಯಲ್ಲಿ ಬಂದರೆ ಹೆಂಗಸರು ಮಕ್ಕಳನ್ನು ಒಳಗೆ ಕರೆದುಕೊಳ್ಳುತ್ತಿದ್ದರು. ಯಂತ್ರ ಸುಳ್ಳು ಹೇಳುವುದಿಲ್ಲ ಎಂದು ತರಬೇತಿಯಲ್ಲಿ ಕೇಳಿದ್ದಳು. ತಾರಾಬಾಯಿಯ ಕೈ ನೋಡಿದರೆ ಮಾತ್ರ ಅವಳ ಅನುಭವ ಬೇರೆಯೇ ಹೇಳುತ್ತಿತ್ತು. ಯಾವುದನ್ನು ನಂಬುವುದು?

ಆ ಹೊತ್ತಿಗೆ ಲೆಕ್ಕ ಹತ್ತೊಂಬತ್ತಕ್ಕೆ ಏರಿತ್ತು.

ಕಲಬುರಗಿಯಲ್ಲಿ ಒಂದು ರವಿವಾರ ಬೆಳಿಗ್ಗೆ ನೀಲಾಂಬಿಕಾಳ ಗಂಡ ಸಿದ್ರಾಮ ಅಂಗಿ ಎತ್ತಿ ಸೊಂಟ ತೋರಿಸಿದ. "ತುರಸ್ಲತ್ತದ. ಏನದ ನೋಡು."

ಅವಳು ಪತ್ರಿಕೆಯಿಂದ ತಲೆ ಎತ್ತದೆ, "ನಾಳಿ ಕೇಂದ್ರಕ್ಕ ಬಾ. ಗವಸಿನಾಗ ನೋಡ್ತೀನಿ" ಎಂದಳು.

ಸಿದ್ರಾಮ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುವವನು, ಮಾತಿಗೆ ಸೋಲುವವನಲ್ಲ. "ಬಾಜೂದಾಗ ನಿಂತೀನಿ. ಅರವತ್ತು ಕಿಲೋಮೀಟರ್ ದೂರ ಹೋಗಿ ತೋರಿಸ್ಲೇನು? ನಿನಗ ಕಣ್ಣು, ಕೈ ಅದಾವೋ ಇಲ್ಲೋ?"

ಅವಳು ನಕ್ಕು ಕೈ ಚಾಚಿದಳು. ಬರಿಗೈ ಅವನ ಚರ್ಮಕ್ಕೆ ತಾಗಿದಾಗ ಒಂದು ಕ್ಷಣ ತಡವರಿಸಿತು. ಅಂಚು ಉಬ್ಬಿದ ಉಂಗುರ, ಬೆಚ್ಚಗೆ, ಬೆವರಿನಿಂದ ಜಿಗುಟು. ಗಜಕರ್ಣ. ಅನುಮಾನವೇ ಇಲ್ಲ. ಆದರೂ ಪರದೆಯ ಕಡೆ ನೋಡಬೇಕೆಂದು ಕತ್ತು ತಾನಾಗಿ ತಿರುಗಿತ್ತು. ಅಲ್ಲಿ ಇದ್ದದ್ದು ಮನೆಯ ಗೋಡೆ. ಮೂರು ವರ್ಷದಿಂದ ತಾನು ಒಬ್ಬ ರೋಗಿಯನ್ನೂ ಬರಿಗೈಯಲ್ಲಿ ಮುಟ್ಟಿಲ್ಲ ಎಂದು ಅವಳಿಗೆ ಆಗ ಹೊಳೆಯಿತು. ಹತ್ತೊಂಬತ್ತು ಜನರಿಗೆ ಕುಷ್ಠ ಎಂದು ಸಹಿ ಹಾಕಿದ ಅವಳು ಅವರಲ್ಲಿ ಒಬ್ಬರ ಮುಖವನ್ನೂ ನೇರವಾಗಿ ನೋಡಿರಲಿಲ್ಲ.

ಮರುದಿನ ಹತ್ತಿ, ಒಂದು ಪೆನ್ನು, ಬಿಸಿ ಮತ್ತು ತಣ್ಣೀರಿಗೆ ಎರಡು ಗಾಜಿನ ನಳಿಗೆ ಚೀಲಕ್ಕೆ ಹಾಕಿಕೊಂಡು ಕರಿಖಣಿಗೆ ಹೊರಟಳು.

ಊರಿನ ಸುತ್ತ ಪರ್ಸಿ ಕಲ್ಲಿನ ಖಣಿಗಳು. ಮೆಟ್ಟಿಲು ಮೆಟ್ಟಿಲಾಗಿ ನೆಲ ಕೆಳಗಿಳಿದಿತ್ತು. ಹಾಸುಗಲ್ಲು ಸೀಳುವವರ ಸುತ್ತಿಗೆಯ ಸದ್ದು ಉಪಕೇಂದ್ರದವರೆಗೂ ಕೇಳುತ್ತಿತ್ತು. ಹತ್ತೊಂಬತ್ತೂ ಜನ ಬಂದಿದ್ದರು. ನೀಲಾಂಬಿಕಾ ಒಬ್ಬೊಬ್ಬರನ್ನೇ ಕೂರಿಸಿ, ಕಣ್ಣು ಮುಚ್ಚಲು ಹೇಳಿ, ಕಲೆಯ ಮೇಲೆ ಹತ್ತಿಯ ಎಳೆ ಮುಟ್ಟಿಸಿದಳು. "ಎಲ್ಲಿ ಮುಟ್ಟಿದೆ, ಬೆರಳು ಇಟ್ಟು ತೋರಿಸ್ರಿ." ಎಲ್ಲರೂ ಸರಿಯಾಗಿ ತೋರಿಸಿದರು. ಬಿಸಿ ಯಾವುದು, ತಂಪು ಯಾವುದು ಎಂದು ತಪ್ಪಿಲ್ಲದೆ ಹೇಳಿದರು. ಮೊಣಕೈ ಹಿಂದಿನ ನರ ತಡಕಿ ನೋಡಿದಳು, ಯಾರಿಗೂ ಬಾವು ಇಲ್ಲ. ತಾರಾಬಾಯಿಯಂತೂ ಹತ್ತಿ ತಾಗಿದ್ದೇ ತಡ ಕಚಗುಳಿಯಾಗಿ ಕೈ ಎಳೆದುಕೊಂಡಳು.

ಯಾರಿಗೂ ಕುಷ್ಠ ಇರಲಿಲ್ಲ.

ನೀಲಾಂಬಿಕಾಳ ಗೊಂದಲ ಕಡಿಮೆಯಾಗುವ ಬದಲು ಹೆಚ್ಚಾಯಿತು. ಯಂತ್ರ ತಪ್ಪು, ಸರಿ. ಆದರೆ ತಪ್ಪಾದರೂ ಅದು ಒಂದೇ ಥರ ಹೇಗೆ ತಪ್ಪುತ್ತಿದೆ? ಅವಳು ಗವಸು ತಾನೇ ಹಾಕಿಕೊಂಡು, ತನ್ನ ಹೆಸರಿನಲ್ಲಿ ಯಂತ್ರ ತೆರೆದು, ತಾರಾಬಾಯಿಯ ಮುಂಗೈ ಮುಟ್ಟಿದಳು. ಕಲಬುರಗಿಯಲ್ಲಿ ಪರದೆ ನೋಡುತ್ತಿದ್ದ ಮಡಿವಾಳಪ್ಪ ಫೋನಿನಲ್ಲಿ ಹೇಳಿದ: "ಬರೀ ಚಿಬ್ಬು ತೋರಸ್ಲತ್ತದ ಮೇಡಂ. ಕುಷ್ಠ ಇಲ್ಲ."

"ಈಗ ನೀ ಹಾಕ್ಕೊ" ಎಂದು ಗವಸನ್ನು ಜಗದೇವಿಗೆ ಕೊಟ್ಟಳು. ಅದೇ ಗವಸು, ಅದೇ ಮುಂಗೈ, ಅದೇ ಜಾಗ.

"ಕುಷ್ಠ ಅಂತದ" ಎಂದ ಮಡಿವಾಳಪ್ಪ. ಆಮೇಲೆ ಅವನು ಯಂತ್ರದ ಹಳೆಯ ದಾಖಲೆ ತೆರೆದ.

ಮತ್ತೆ ಮಾತಾಡಿದಾಗ ಅವನು ಪದ ಪದ ಬಿಡಿಸಿ ಹೇಳಿದ. ಗವಸಿನ ಚುಕ್ಕೆಗಳು ಕಳಿಸುವ ಶಬ್ದ ರೋಗಿಯ ಕಡೆಗಷ್ಟೇ ಹೋಗುವುದಿಲ್ಲ, ಹಾಕಿಕೊಂಡವರ ಬೆರಳಿನ ಕಡೆಗೂ ಹೋಗುತ್ತದೆ. ಎರಡೂ ಪ್ರತಿಧ್ವನಿ ಕಲೆತು ಬರುತ್ತವೆ. ಅದಕ್ಕೆ ತರಬೇತಿಯ ಮೊದಲ ದಿನವೇ ಪ್ರತಿಯೊಬ್ಬರ ಬೆರಳಿನ ಗುರುತು ಹಿಡಿದಿಟ್ಟಿದ್ದಾರೆ. ಬಂದ ಚಿತ್ರದಿಂದ ಆ ಗುರುತನ್ನು ಕಳೆದರೆ ಉಳಿದದ್ದು ರೋಗಿಯ ಚರ್ಮ. "ಸಿಸ್ಟರ್ ಅವರ ಗುರುತು ಮೂರು ವರ್ಷದ ಹಿಂದಿಂದು, ಮೇಡಂ. ಆಮ್ಯಾಲ ಅವರ ಬೆರಳಾಗ ಏನರೆ ಬದಲಾಗಿದ್ರ, ಅದು ಯಂತ್ರಕ್ಕ ತಿಳಿಯಂಗಿಲ್ಲ. ಆ ಬದಲು ಹೆಚ್ಚಾದಂಗ ಅದನ್ನ ರೋಗಿ ಕಲೆ ಮ್ಯಾಲ ಹಾಕಿಬಿಡ್ತದ."

ಕೋಣೆಯಲ್ಲಿ ಮೂವರೇ ಇದ್ದರು. ತಾರಾಬಾಯಿಗೆ ಈ ಮಾತು ಅರ್ಥವಾಗಲಿಲ್ಲ. ನೀಲಾಂಬಿಕಾಳಿಗೆ ಅರ್ಥವಾಯಿತು. ಜಗದೇವಿ ನಿಧಾನವಾಗಿ ಗವಸು ಕಳಚಿ ಮೇಜಿನ ಮೇಲಿಟ್ಟಳು.

"ತಾರಾ, ನೀ ಸ್ವಲ್ಪ ಹೊರಗ ಕೂಡ್ರು" ಎಂದಳು. ಬಾಗಿಲು ಮುಚ್ಚಿದ ಮೇಲೆ ಕುರ್ಚಿಯಲ್ಲಿ ಕುಳಿತು ಕೈ ಮುಂದೆ ಚಾಚಿ ಕಣ್ಣು ಮುಚ್ಚಿದಳು. "ನನ್ನ ಕೈ ನೋಡ್ರಿ, ಮೇಡಂ."

ನೀಲಾಂಬಿಕಾ ಹತ್ತಿಯ ಎಳೆ ತೆಗೆದುಕೊಂಡಳು. ಹೆಬ್ಬೆರಳು. "ಮುಟ್ಟಿದ್ರಿ" ಎಂದಳು ಜಗದೇವಿ. ತೋರುಬೆರಳು. "ಮುಟ್ಟಿದ್ರಿ." ನಡುಬೆರಳು. "ಹೂಂ." ಉಂಗುರ ಬೆರಳ ಹೊರಬದಿ. ಜಗದೇವಿ ಸುಮ್ಮನಿದ್ದಳು. ಕಿರುಬೆರಳು. ಅದರ ಮೇಲೊಂದು ಹಳೆಯ ಸುಟ್ಟ ಕಲೆಯಿತ್ತು, ಅದರ ಪಕ್ಕ ಇನ್ನೊಂದು ಹೊಸದು. ಹತ್ತಿ ಸರಿದಾಡಿತು.

"ಮುಟ್ರಿ ಮೇಡಂ" ಎಂದಳು ಜಗದೇವಿ, ಕಣ್ಣು ಮುಚ್ಚಿಕೊಂಡೇ. "ಯಾಕ ನಿಲ್ಲಿಸಿದ್ರಿ?"

ನೀಲಾಂಬಿಕಾ ಅವಳ ಮೊಣಕೈ ಹಿಂದೆ ಬೆರಳಿಟ್ಟಳು. ನರ ಹುರಿಯಂತೆ ದಪ್ಪಗಾಗಿತ್ತು. ಎಷ್ಟೋ ಬೆಳಗುಗಳಲ್ಲಿ ಕಲಬುರಗಿಯಲ್ಲಿ ಕುಳಿತು ತನ್ನ ಬೆರಳಿಗೆ ತಾಗಿಸಿಕೊಂಡಿದ್ದ ತಂಪು ಈ ಹೆಂಗಸಿನದಾಗಿತ್ತು. ದಿನಾ ಇವಳ ಕೈ ಹಿಡಿದೇ ಊರಿನವರ ಮೈ ನೋಡುತ್ತಿದ್ದಳು, ಇವಳನ್ನೇ ನೋಡಿರಲಿಲ್ಲ.

ಜಗದೇವಿ ಕಣ್ಣು ತೆರೆದಳು. ಕೇಳದೆಯೇ ಗೊತ್ತಾಗಿತ್ತು. "ದಿನಾ ಆರು ತಾಸು ಗವಸು ಹಾಕ್ಕೊಂಡು ಬೆರಳು ಜೋಂ ಅಂತಾವ ಅನ್ಕೊಂಡಿದ್ದೆ, ಮೇಡಂ. ಹಂಚಿನ ಮ್ಯಾಲ ಕೈ ಸುಟ್ರೂ ಉರಿಲಿಲ್ಲ. ಕೆಲಸ ಮಾಡಿ ಮಾಡಿ ಚರ್ಮ ಗಟ್ಟಿ ಆಗ್ಯಾದ ಅಂದೆ." ಸ್ವಲ್ಪ ತಡೆದು ಕೇಳಿದಳು: "ಹೊರಗಿನವರಿಗೆ ಏನು ಹೇಳ್ತೀರಿ?"

"ಯಂತ್ರ ತಪ್ಪು ಹೇಳ್ತು ಅಂತೀನಿ. ಅದು ಸುಳ್ಳಲ್ಲ."

"ಹಂಗೇ ಹೇಳ್ರಿ" ಎಂದಳು ಜಗದೇವಿ.

ನೀಲಾಂಬಿಕಾ ಹೊರಗೆ ಬಂದು ಕೈಮುಗಿದು, ಯಂತ್ರದ ತಪ್ಪಿನಿಂದ ಹೀಗಾಯಿತು, ಯಾರಿಗೂ ರೋಗವಿಲ್ಲ, ಸಹಿ ಹಾಕಿದವಳು ನಾನು, ಕ್ಷಮಿಸಿ ಎಂದಳು. ಅಲ್ಲಿದ್ದವರಲ್ಲಿ ಕೆಲವರು ಅತ್ತರು, ಕೆಲವರು ಬೈದರು. ಜಗದೇವಿಗೆ ಮೊದಲ ಗುಳಿಗೆಯನ್ನು ತನ್ನ ಕೈಯಾರೆ ಕೊಟ್ಟು, ರೋಗದ ಹೆಸರು ಗುಟ್ಟಾಗಿಟ್ಟು, ರಜೆ ಬರೆದು ಹೊರಟಳು.

ಆದರೆ ಅದರಿಂದ ಏನೂ ಸರಿಹೋಗಲಿಲ್ಲ. ತಾರಾಬಾಯಿ ಮರಳಿ ಶಾಲೆಗೆ ಹೋದ ದಿನ ಅರ್ಧ ಮಕ್ಕಳು ಮನೆಯಿಂದ ಡಬ್ಬಿ ತಂದರು. ಎರಡನೆಯ ದಿನ ಎಲ್ಲರೂ ತಂದರು. ಶನಿವಾರ ಪಾಲಕರ ಸಭೆ ಸೇರಿತು. ನೀಲಾಂಬಿಕಾಳನ್ನೂ ಕರೆಸಿದ್ದರು.

"ಮಷೀನ್ ಮೊನ್ನಿ ಖರೆ ಇತ್ತು, ಇವತ್ತ ಸುಳ್ಳು ಆಗ್ಯಾದ" ಎಂದ ಒಬ್ಬ ತಂದೆ. "ನಾಳಿ ಮತ್ತ ಖರೆ ಆದ್ರ? ಹತ್ತೊಂಬತ್ತು ಮಂದಿಗೆ ಒಂದೇ ಸುಳ್ಳು ಹ್ಯಾಂಗ ಹೇಳ್ತದ್ರಿ ಅದು? ಎಲ್ಲೋ ಏನೋ ಇದ್ದೇ ಇರಬೇಕಲ್ಲ."

ನೀಲಾಂಬಿಕಾ ಪ್ರತಿಧ್ವನಿ, ಗುರುತು, ಕಳೆಯುವುದು ಎಂದೆಲ್ಲ ವಿವರಿಸಲು ಹೋದಳು. ಯಾರ ಗುರುತು ಎಂದು ಹೇಳದೆ ವಿವರಿಸಿದ್ದರಿಂದ ಅದು ಅವಳ ಕಿವಿಗೇ ಅಡ್ಡಾದಿಡ್ಡಿ ಕೇಳಿಸಿತು. ಮೂಲೆಯಲ್ಲಿ ತಾರಾಬಾಯಿ ಸೆರಗು ಬಾಯಿಗೊತ್ತಿಕೊಂಡು ಕುಳಿತಿದ್ದಳು.

ಆಗ ಜಗದೇವಿ ಎದ್ದು ನಿಂತಳು. ಬರುತ್ತಾಳೆಂದು ಯಾರೂ ಅಂದುಕೊಂಡಿರಲಿಲ್ಲ.

"ಆ ಅಣ್ಣ ಹೇಳಿದ್ದು ಖರೆ ಅದ. ಎಲ್ಲೋ ಇತ್ತು. ನನ್ನ ಕೈಯಾಗ ಇತ್ತು." ಕೈ ಮೇಲೆತ್ತಿ ಹಿಡಿದಳು. "ಯಂತ್ರ ಸುಳ್ಳು ಹೇಳಿಲ್ಲ. ಯಾರದು ಅಂತ ತಿಳೀದೆ ನಿಮ್ಮ ಹೆಸರ್‌ಲೆ ಬರೀತು. ಬ್ಯಾನಿ ನಂದು. ತಾರಾಗ ಎಂದೂ ಇದ್ದಿಲ್ಲ."

ಮುಂದಿನ ಸಾಲಿನ ತಾಯಿಯೊಬ್ಬಳು ಕೂಸನ್ನು ಎದೆಗೆ ಒತ್ತಿಕೊಂಡು ಕೇಳಿದಳು: "ಇದು ಹುಟ್ಟಿದಾಗ ಮೊದಲ ಎತ್ತಿಕೊಂಡಾಕಿ ನೀನೇ ಅಲ್ಲೇನು, ಸಿಸ್ಟರ್? ಇದಕ್ಕ ಏನಾಗ್ತದ?"

ಜಗದೇವಿ ವೈದ್ಯೆಯ ಕಡೆ ನೋಡಿದಳು. ಅಷ್ಟು ಹೊತ್ತಿನಲ್ಲಿ ಮೊದಲ ಬಾರಿಗೆ ಅವಳ ಮುಖದಲ್ಲಿ ಭಯ ಕಂಡಿತು. ನೀಲಾಂಬಿಕಾ ಕೂಸಿನ ಬಳಿ ಹೋಗಿ ಬಟ್ಟೆ ಬಿಚ್ಚಿ, ಎಲ್ಲರ ಎದುರು ಬರಿಗೈಯಲ್ಲಿ ತಲೆಯಿಂದ ಪಾದದವರೆಗೂ ನೋಡಿದಳು. ಇದು ಮುಟ್ಟಿದ ಮಾತ್ರಕ್ಕೆ ಬರುವ ರೋಗವಲ್ಲ, ವರ್ಷಗಟ್ಟಲೆ ಹತ್ತಿರ ಉಸಿರಾಡಿದವರಲ್ಲೂ ಹೆಚ್ಚಿನವರಿಗೆ ಬರುವುದಿಲ್ಲ, ಸಿಸ್ಟರ್ ಗುಳಿಗೆ ಶುರು ಮಾಡಿದ್ದಾಳೆ ಎಂದು ಹೇಳಿದಳು. ಆಮೇಲೆ ಇನ್ನೊಬ್ಬ ತಾಯಿ ಮಗಳನ್ನು ಮುಂದೆ ತಂದಳು, ಮತ್ತೊಬ್ಬ ತನ್ನ ತೋಳು ತೋರಿಸಿದ. ಮಧ್ಯಾಹ್ನದವರೆಗೂ ನೋಡಿದ್ದೇ ನೋಡಿದ್ದು. ಸೋಮವಾರ ಕೆಲವು ಮಕ್ಕಳು ತಾರಾಬಾಯಿ ಬಡಿಸಿದ್ದನ್ನು ಉಂಡರು. ಕೆಲವರು ಉಣ್ಣಲಿಲ್ಲ.

ಜಗದೇವಿಯ ಗಂಡ ಮಲ್ಲೇಶಿ ಮೂರನೆಯ ದಿನ ತಾನೇ ಉಪಕೇಂದ್ರಕ್ಕೆ ಬಂದು ಮೈ ತೋರಿಸಿಕೊಂಡು, ಏನೂ ಇಲ್ಲ ಎಂದ ಮೇಲೆ, "ಮತ್ತ ಈಕಿಗಿ ಎಲ್ಲಿಂದ ಬಂತ್ರಿ?" ಎಂದು ಕೇಳಿದ.

ಅದು ನೀಲಾಂಬಿಕಾಳನ್ನೂ ಕೊರೆಯುತ್ತಿದ್ದ ಪ್ರಶ್ನೆ. ಜಗದೇವಿಗೆ ಬಂದಿದೆ ಎಂದರೆ, ಚಿಕಿತ್ಸೆಯಿಲ್ಲದ ಯಾರೋ ಒಬ್ಬರ ಹತ್ತಿರ ಅವಳು ವರ್ಷಗಟ್ಟಲೆ ಕುಳಿತಿದ್ದಾಳೆ. ಸುಳ್ಳು ರೋಗಿಗಳು ಹತ್ತೊಂಬತ್ತು ಜನ ಸಿಕ್ಕರು. ನಿಜವಾದವನು ಇನ್ನೂ ಎಲ್ಲೋ ಇದ್ದಾನೆ.

ವೈದ್ಯೆ, ಜಗದೇವಿ ಇಬ್ಬರೂ ಮನೆ ಮನೆ ಹತ್ತಿದರು. ನೀಲಾಂಬಿಕಾ ವಾರಕ್ಕೆರಡು ದಿನ ಬರುತ್ತಿದ್ದಳು. ಕೆಲವರು ಬಾಗಿಲು ಹಾಕಿಕೊಂಡರು, ಕೆಲವರು ಜಗದೇವಿಯನ್ನು ಹೊರಗೆ ನಿಲ್ಲಿಸಿ ವೈದ್ಯೆಯನ್ನು ಮಾತ್ರ ಒಳಗೆ ಕರೆದರು. ಜಗದೇವಿ ಕಟ್ಟೆಯ ಮೇಲೆ ಕುಳಿತು ಕಾದಳು. ಹೀಗೆ ಮೂರು ವಾರ ಕಳೆದರೂ ಯಾರೂ ಸಿಗಲಿಲ್ಲ.

ಒಂದು ಗುರುವಾರ ಜಗದೇವಿ, "ಇವತ್ತ ಹುಸೇನಪ್ಪ ಕಾಕಾನ ಪಟ್ಟಿ ಕಟ್ಟೋ ದಿನ. ಮೊದಲ ಅಲ್ಲಿಗಿ ಹೋಗಿ ಬರಮು" ಎಂದಳು. ಹುಸೇನಪ್ಪ ಖಣಿಯಲ್ಲಿ ಕಲ್ಲು ಸೀಳುತ್ತಿದ್ದ ಮುದುಕ. ಅಂಗಾಲಿನಲ್ಲಿ ಹಳೆಯ ಹುಣ್ಣು. ಕಲ್ಲಿನ ಚಕ್ಕೆ ತಾಗಿ ಆದದ್ದು ಎಂದು ಎಲ್ಲರೂ ನಂಬಿದ್ದರು. ಆರು ವರ್ಷದಿಂದ ಪ್ರತಿ ಗುರುವಾರ ಜಗದೇವಿ ಅವನ ಕಾಲನ್ನು ತೊಡೆಯ ಮೇಲಿಟ್ಟುಕೊಂಡು ತೊಳೆದು ಪಟ್ಟಿ ಕಟ್ಟುತ್ತಿದ್ದಳು.

"ಈತಂದು ಗವಸಿನಾಗ ನೋಡಿಲ್ಲೇನು?" ನೀಲಾಂಬಿಕಾ ಕೇಳಿದಳು.

"ತೆರೆದ ಗಾಯಕ್ಕ ಗವಸು ಮುಟ್ಟಿಸಬಾರದು ಅಂತ ನಿಯಮ ಅದಲ್ರಿ."

ನೀಲಾಂಬಿಕಾ ಮುದುಕನ ಮುಖ ನೋಡಿದಳು. ಕಿವಿಯ ಹಾಲೆಗಳು ದಪ್ಪಗಿದ್ದವು, ಹುಬ್ಬು ಉದುರಿತ್ತು. ಅವನ ಮೊಣಕೈ ಹಿಂದೆ ಬೆರಳಿಟ್ಟಳು, ಹಾಗೇ ಸ್ವಲ್ಪ ಹೊತ್ತು ಇಟ್ಟುಕೊಂಡಳು. ನಂತರ ಜಗದೇವಿಯ ಕಡೆ ನೋಡಿದಳು. ಜಗದೇವಿಗೆ ಇನ್ನು ಹೇಳುವ ಅಗತ್ಯವಿರಲಿಲ್ಲ.

"ನೋವು ಅದ ಏನ್ರಿ ಕಾಲಾಗ?" ನೀಲಾಂಬಿಕಾ ಕೇಳಿದಳು.

"ಇಲ್ರಿ ತಾಯಿ. ನಾ ಪುಣ್ಯವಂತ. ಇಷ್ಟು ವರ್ಷದಾಗ ಒಂದಿನ ನೋಯ್ಲಿಲ್ಲ" ಎಂದ ಹುಸೇನಪ್ಪ.

ಜಗದೇವಿ ಅವನಿಗೆ ರೋಗದ ಹೆಸರು ಹೇಳಿದಳು. ಗುಳಿಗೆಯ ವಿಷಯ ಹೇಳಿದಳು. ಊರಿನ ಸುದ್ದಿ ಅವನ ಕಿವಿಗೂ ಬಿದ್ದಿತ್ತು.

"ಹಂಗಾದ್ರ ನಿನಗ ನನ್ನಿಂದ ಬಂತೇನವ್ವ?"

"ಗೊತ್ತಿಲ್ಲ ಕಾಕಾ. ಯಾರಿಗೂ ಗೊತ್ತಾಗಂಗಿಲ್ಲ."

ಮುದುಕ ಅವಳ ತೊಡೆಯ ಮೇಲಿದ್ದ ಕಾಲನ್ನು ಮೆಲ್ಲಗೆ ಹಿಂದಕ್ಕೆಳೆದುಕೊಂಡ. ಮಂಚದ ಕೆಳಗೆ ಮರೆಮಾಡಲು ನೋಡಿದ. ಜಗದೇವಿ ಬಗ್ಗಿ ಹಿಮ್ಮಡಿ ಹಿಡಿದು ಮತ್ತೆ ತೊಡೆಯ ಮೇಲೆ ತಂದಿಟ್ಟುಕೊಂಡಳು.

"ಎಲ್ಲಿಗಿ ಎಳಕೋತಿ?" ಎಂದಳು. "ಪಟ್ಟಿ ಕಟ್ಟೋದು ಇನ್ನಾ ಮುಗಿದಿಲ್ಲ."